ರೈಲು ಹೋಗುವ ತನಕ

ಕೋಲ್ಟರ್ ಊರಿನ ನಾಟಕಮಂದಿರದಲ್ಲಿ ಲಿಯೋಟಾ ಗ್ರೂಬ್ ಮಾಡದ ಕೆಲಸವಿಲ್ಲ. ಕಸ ಗುಡಿಸುತ್ತಾಳೆ, ಕುರ್ಚಿ ಜೋಡಿಸುತ್ತಾಳೆ, ಪಾತ್ರ ಹಂಚುತ್ತಾಳೆ. ಆಟ ನಡೆಯುವಾಗ ರಂಗದ ಮಗ್ಗುಲಲ್ಲಿ ಮುಕ್ಕಾಲಿ ಹಾಕಿಕೊಂಡು ಕೂತು, ಮಾತು ಮರೆತವರಿಗೆ ಮಾತು ಎತ್ತಿಕೊಡುತ್ತಾಳೆ. ಒಂದನ್ನು ಮಾತ್ರ ಮಾಡುವುದಿಲ್ಲ. ಆ ಕಟ್ಟಡದ ಒಳಗೆ ಅವಳು ಯಾವ ಸ್ವಿಚ್ಚನ್ನೂ ಆರಿಸುವುದಿಲ್ಲ. ಜನ ಎದ್ದು ಹೋದಮೇಲೆ "ರೋಮಾ, ದೀಪ!" ಎಂದು ಕೂಗಿ ತಾನು ಹೊರಗೆ ಹೋಗಿ ನಿಲ್ಲುತ್ತಾಳೆ. ವೇಷದ ಬಟ್ಟೆ ಹೊಲಿಯುವ ರೋಮಾ ಗೊಣಗುತ್ತಾ ಒಂದೊಂದೇ ದೀಪ ಆರಿಸಿಕೊಂಡು ಬರುತ್ತಾಳೆ.

"ನಿನ್ ಕೈಗೇನು ಲಕ್ವ ಹೊಡ್ದಿದ್ಯಾ?"

"ಹೂಂ ಕಣೇ. ಆರಿಸೋ ಕೈಗೆ ಮಾತ್ರ."

ಕಾರಣ ಊರಿನ ಹಳಬರಿಗೆಲ್ಲ ಗೊತ್ತು. ಅಮೆರಿಕದ ಇಂಡಿಯಾನಾ ರಾಜ್ಯದ ಜೋಳದ ಹೊಲಗಳ ನಡುವೆ ಊರಿಂದೂರಿಗೆ ಕರೆಂಟು ರೈಲು ಓಡುತ್ತಿದ್ದ ಕಾಲವೊಂದಿತ್ತು. ಆ ರೈಲಿಗೆ ಕರೆಂಟು ಊಡುತ್ತಿದ್ದ ಇಟ್ಟಿಗೆ ಕಟ್ಟಡ ಇದು. ಮುಂಭಾಗದಲ್ಲಿ ಪ್ರಯಾಣಿಕರು ಕಾಯುವ ಕೋಣೆ. ಹಿಂದೆ ಎರಡಾಳೆತ್ತರದ ಕಿಟಕಿಗಳ ದೊಡ್ಡ ಹಜಾರ, ಅದರಲ್ಲಿ ಕುದುರೆಗಿಂತ ದೊಡ್ಡ ಯಂತ್ರಗಳು. ಮಹಡಿಯಲ್ಲಿ ಆ ಯಂತ್ರಗಳನ್ನು ನೋಡಿಕೊಳ್ಳುವವನ ಸಂಸಾರ. ನೋಡಿಕೊಳ್ಳುತ್ತಿದ್ದವನು ಎಮಿಲ್, ಲಿಯೋಟಾಳ ಅಪ್ಪ. ಅವಳು ಹುಟ್ಟಿದ್ದೇ ಆ ಮಹಡಿಯಲ್ಲಿ. ಯಂತ್ರಗಳ ಗುಂಯ್ ಸದ್ದು ಹಗಲಿರುಳೂ ನೆಲದಿಂದ ಎದ್ದು ಅಂಗಾಲಿಗೆ ಬರುತ್ತಿತ್ತು. ಬೇರೆ ಮಕ್ಕಳ ಮನೆಗೆ ಹೋದರೆ ಅಲ್ಲಿಯ ನೆಲ ಸತ್ತಂತೆ ಅನ್ನಿಸಿ ಹುಡುಗಿ ಬೇಗ ವಾಪಸ್ ಬಂದುಬಿಡುತ್ತಿದ್ದಳಂತೆ.

ಆಮೇಲೆ ಎಲ್ಲರೂ ಕಾರು ಕೊಂಡರು, ರಸ್ತೆಗೆ ಡಾಂಬರು ಬಿತ್ತು, ಕರೆಂಟು ರೈಲಿನ ಕಂಪನಿ ದಿವಾಳಿ ಎದ್ದಿತು. ಕೊನೆಯ ದಿನ ಟೊಪ್ಪಿ ಹಾಕಿಕೊಂಡ ಒಬ್ಬ ದೊಡ್ಡ ಮನುಷ್ಯ ಬಂದು, ಟೊಪ್ಪಿಯನ್ನೂ ತೆಗೆಯದೆ, "ಎಮಿಲ್, ನಿಲ್ಸಿಬಿಡಪ್ಪ" ಅಂದ. ಎಮಿಲ್ "ಆಗ್ಲಿ ಸಾರ್" ಅಂದು ತನ್ನ ಕೈಯಾರೆ ದೊಡ್ಡ ಸ್ವಿಚ್ಚನ್ನು ಕೆಳಗೆ ಎಳೆದ. ನೆಲದ ಸದ್ದು ನಿಂತಿತು. ಮೆಟ್ಟಿಲ ಮೇಲೆ ಕೂತು ನೋಡುತ್ತಿದ್ದ ಹುಡುಗಿಗೆ ತಡೆಯಲಾಗಲಿಲ್ಲ.

"ನೀನ್ಯಾಕಪ್ಪ ಎಳ್ದೆ?"

"ನಾನ್ ಎಳೀದಿದ್ರೆ ಇನ್ಯಾರೋ ಎಳೀತಿದ್ರು ಮಗಾ."

ಈ ಮಾತನ್ನು ಲಿಯೋಟಾ ಯಾವತ್ತೂ ಕ್ಷಮಿಸಲಿಲ್ಲ. ಎಮಿಲ್ ಒಳ್ಳೆಯ ಮನುಷ್ಯ, ಯಾರಿಗೂ ಕೇಡು ಬಗೆದವನಲ್ಲ. ಮುಂದೆ ಶಾಲೆಯ ಬಾಯ್ಲರ್ ನೋಡಿಕೊಂಡು, ಎಲ್ಲರಿಗೂ "ಆಗ್ಲಿ ಸಾರ್" ಅಂದುಕೊಂಡೇ ತೀರಿಹೋದ. ಅವನ ಶವಪೆಟ್ಟಿಗೆಯ ಮುಂದೆ ನಿಂತು ಅವಳು ಅತ್ತಳು, ನಿಜ. ಆದರೆ ಅವಳಿಗೆ ದುಃಖಕ್ಕಿಂತ ಸಿಟ್ಟೇ ಹೆಚ್ಚಾಗಿತ್ತು. ಇನ್ಯಾರೋ ಎಳೆಯುವುದಾದರೆ ಎಳೆಯಲಿ, ಬೆವರು ಸುರಿಸಿ ಎಳೆಯಲಿ. ನಮ್ಮ ಕೈಯನ್ನು ಅವರಿಗೆ ಯಾಕೆ ಸಾಲ ಕೊಡಬೇಕು? ಅವಳ ವಾದ ಇಷ್ಟೇ.

ಕಟ್ಟಡ ಆಮೇಲೆ ಕೋಳಿಮೇವಿನ ಗೋದಾಮಾಯಿತು, ಮೊಟ್ಟೆ ಮಂಡಿಯಾಯಿತು, ಕೊನೆಗೆ ಪಾರಿವಾಳಗಳ ಪಾಲಾಯಿತು. ತೆರಿಗೆ ಕಟ್ಟುವವರಿಲ್ಲದೆ ಪುರಸಭೆಯ ಕೈಗೆ ಬಂತು. ಲಿಯೋಟಾ ಅಷ್ಟರಲ್ಲಿ ಟೊಮೇಟೊ ಕಾರ್ಖಾನೆಯಲ್ಲಿ ಡಬ್ಬಿ ತುಂಬುವ ಕೆಲಸಕ್ಕೆ ಸೇರಿ, ಹಾಲಿನ ಲಾರಿ ಓಡಿಸುವ ಕ್ಲೀಟಸ್‌ನನ್ನು ಮದುವೆಯಾಗಿದ್ದಳು. ಎರಡನೇ ಮಹಾಯುದ್ಧ ಮುಗಿದ ಕೆಲವು ವರ್ಷಗಳ ಮೇಲೆ, ಕಾರ್ಖಾನೆಯ ಊಟದ ಬಿಡುವಿನಲ್ಲಿ ತಮಾಷೆಗೆ ನಾಟಕ ಓದುತ್ತಿದ್ದ ನಾಲ್ಕಾರು ಹೆಂಗಸರನ್ನು ಕಟ್ಟಿಕೊಂಡು ಪುರಸಭೆಗೆ ಹೋಗಿ, "ಆ ಕಟ್ಟಡ ನಮಗೆ ಕೊಡಿ, ನಾಟಕ ಆಡ್ತೀವಿ" ಅಂದಳು. ಪುರಸಭೆಯವರು ಹೊಟ್ಟೆ ಹಿಡಿದು ನಕ್ಕರು. ಬ್ಯಾಸ್ಕೆಟ್‌ಬಾಲ್ ಬಿಟ್ಟರೆ ಬೇರೆ ದೇವರಿಲ್ಲದ ಊರಿನಲ್ಲಿ ನಾಟಕವಂತೆ! ಪಾರಿವಾಳದ ಹಿಕ್ಕೆ ಬಳಿಯಲು ಪುಕ್ಕಟೆ ಆಳು ಸಿಕ್ಕಿತಲ್ಲ ಎಂದು ಬೀಗದಕೈ ಕೊಟ್ಟು ಕಳಿಸಿದರು.

ಕ್ಲೀಟಸ್ ಕೂಡ ಮೊದಲು ಮೂಗು ಮುರಿದವನೇ. "ದಿನಾ ಟೊಮೇಟೊ ಜೊತೆ ಗುದ್ದಾಡಿ ಸಾಕಾಗ್ಲಿಲ್ವೇನೇ? ಇನ್ನು ಜನ ಎಸೆಯೋ ಟೊಮೇಟೊನೂ ಬೇಕಾ?" ಎಂದ. ಆದರೆ ಹಜಾರದ ನೆತ್ತಿಯಲ್ಲಿ ಯಂತ್ರ ಎತ್ತಲು ಇಟ್ಟಿದ್ದ ಉಕ್ಕಿನ ತೊಲೆ, ಅದರ ಸರಪಳಿ, ರಾಟೆ ಕಣ್ಣಿಗೆ ಬಿದ್ದದ್ದೇ ತಡ, ಮನುಷ್ಯ ಕರಗಿಹೋದ. ಎಣ್ಣೆ ಹಾಕಿ ತಿಕ್ಕಿ ಆ ರಾಟೆಗೇ ನಾಟಕದ ಪರದೆ ಕಟ್ಟಿದ. ಅವತ್ತಿನಿಂದ ಇವತ್ತಿನವರೆಗೂ ಪರದೆ ಎಳೆಯುವವನು ಅವನೇ. ಬೇರೆಯವರು ಸರಪಳಿ ಮುಟ್ಟಿದರೆ ಊರು ಕೇಳುವಂತೆ ಬೈಯುತ್ತಾನೆ.

ಎಲ್ಲ ಸರಿಯಾಯಿತು, ಒಂದನ್ನು ಬಿಟ್ಟು. ಕಟ್ಟಡದ ಬೆನ್ನಿಗೆ ಅಂಟಿದಂತೆ ಗೂಡ್ಸ್ ರೈಲಿನ ಹಳಿ ಇದೆ. ಕರೆಂಟು ರೈಲು ಸತ್ತರೂ ಇದು ಸಾಯಲಿಲ್ಲ. ದಿನಾ ಸಂಜೆ ಜೋಳ, ಕಲ್ಲಿದ್ದಲು ಹೇರಿಕೊಂಡ ಉದ್ದನೆಯ ಗಾಡಿಯೊಂದು ಕಿಟಕಿಗಳನ್ನು ಗಲಗಲ ಅಲುಗಿಸುತ್ತಾ ಹೋಗುತ್ತದೆ. ಇವತ್ತು ಬೇಗ, ನಾಳೆ ತಡ. ಆದರೆ ಹೆಚ್ಚುಕಡಿಮೆ ಯಾವಾಗಲೂ ನಾಟಕ ರಂಗೇರಿದ ಹೊತ್ತಿಗೇ.

ಮೊದಲ ಆಟದ ದಿನ ಇದನ್ನು ಯಾರೂ ಲೆಕ್ಕಕ್ಕೇ ತೆಗೆದುಕೊಂಡಿರಲಿಲ್ಲ. ಗಂಡನ ಪಾತ್ರ ಮಾಡಿದ್ದವನು ನಾರ್ಬರ್ಟ್ ಸ್ಟಕಿ. ಆಗ ಎಳೆಯ ಮೀಸೆಯ ಸುಂದರ, ಕಾರು ಮಾರುವ ಅಂಗಡಿಯಲ್ಲಿ ಹೊಸದಾಗಿ ಸೇರಿದ್ದ. ರೂಪ ಎಷ್ಟಿತ್ತೋ ಜ್ಞಾಪಕಶಕ್ತಿ ಅಷ್ಟು ಕಡಿಮೆ. ಎರಡು ಮಾತಿಗೊಮ್ಮೆ ಲಿಯೋಟಾಳ ಕಡೆ ಕಣ್ಣು ಹೊರಳಿಸುತ್ತಿದ್ದ. ಅವನು ಕಾಫಿ ಬಟ್ಟಲು ಎತ್ತಿ ಹೆಂಡತಿಯ ಮೇಲೆ ರೇಗುತ್ತಿರುವಾಗ ಗೂಡ್ಸ್ ಬಂತು. ಇವನು ದನಿ ಏರಿಸಿದ. ರೈಲು ಇನ್ನೂ ಏರಿಸಿತು. ಇವನು ಕಿರುಚಿದ, ಕತ್ತಿನ ನರ ಉಬ್ಬಿತು, ಜನ ಮುಸಿಮುಸಿ ನಗತೊಡಗಿದರು. ಲಿಯೋಟಾ ಮುಕ್ಕಾಲಿಯಿಂದ ಎದ್ದು, ಎಲ್ಲರ ಕಣ್ಣೆದುರೇ ರಂಗದ ಮೇಲೆ ಬಂದು, ಅಂಗೈ ಎತ್ತಿ ತೋರಿಸಿದಳು. ಇದ್ದ ಹಾಗೇ ನಿಲ್ಲು! ನಾರ್ಬರ್ಟ್ ನಿಂತ. ಬಟ್ಟಲು ಗಾಳಿಯಲ್ಲೇ ಉಳಿಯಿತು. ಹೆಂಡತಿಯ ಪಾತ್ರದವಳು ಬಾಯಿ ತೆರೆದಂತೆಯೇ ನಿಂತಳು. ಲಿಯೋಟಾ ತಿರುಗಿ ಸಭಿಕರಿಗೂ ಅಂಗೈ ತೋರಿಸಿದಳು. ನಗು ಅಡಗಿತು, ಕೆಮ್ಮು ಅಡಗಿತು. ಗೂಡ್ಸಿನ ಕೊನೆಯ ಡಬ್ಬಿ ದಾಟಿ ಸದ್ದು ಕರಗಿದ ಮೇಲೆ ಅವಳು ಮುಕ್ಕಾಲಿಗೆ ಹಿಂತಿರುಗಿ, ಅವನು ಬಿಟ್ಟ ಮಾತನ್ನೇ ಎತ್ತಿಕೊಟ್ಟಳು. ಅವನು ಅದನ್ನೇ ಮತ್ತೆ ಹೇಳಿ ಮುಂದುವರಿಸಿದ. ಚಪ್ಪಾಳೆ ಸೂರು ಹಾರಿಹೋಗುವಂತೆ ಬಿತ್ತು.

ಅಂದಿನಿಂದ ಅದೇ ಕಟ್ಟಳೆ. ರೈಲು ಬಂದರೆ ಒಳಗಿದ್ದವರೆಲ್ಲ ಇದ್ದ ಹಾಗೇ ಇರಬೇಕು. ಎತ್ತಿದ ಕೈ ಇಳಿಸಬಾರದು, ಬಗ್ಗಿದ ಸೊಂಟ ನೆಟ್ಟಗಾಗಬಾರದು, ನೋಡುವವರೂ ಮಿಸುಕಬಾರದು. ರೈಲು ಹೋದಮೇಲೆ ಲಿಯೋಟಾ ಬಿಟ್ಟ ಮಾತು ಕೊಡುತ್ತಾಳೆ, ಮಾತಾಡುತ್ತಿದ್ದವರು ಅದನ್ನೇ ಮತ್ತೆ ಹೇಳಿ ಮುಂದಕ್ಕೆ ಹೋಗಬೇಕು. ಹೊರಗಿನವರಿಗೆ ಇದು ಹುಚ್ಚಾಟ. ಕೋಲ್ಟರ್‌ನವರಿಗೆ ಮೈಗೇ ಹತ್ತಿದೆ. ಆ ಹಜಾರದಲ್ಲಿ ಒಂದು ಮದುವೆಯೂ ನಡೆಯಿತು. ಉಂಗುರ ತೊಡಿಸುವಾಗ ಗೂಡ್ಸ್ ಬಂದು, ಮದುಮಗ ಮಂಡಿಯೂರಿದವನು ಊರಿದ ಹಾಗೇ ಇದ್ದ. ಪಾದ್ರಿ ಹೊರಗಿನವರು. ಊರಿಗೆ ಊರೇ ಪಾರ್ಶ್ವವಾಯು ಬಡಿಯಿತೇ ಎಂದು ಗಾಬರಿಯಾಗಿದ್ದರು.

ಹೀಗೆ ಇಪ್ಪತ್ತು ವರ್ಷದ ಮೇಲಾಯಿತು. ನಾರ್ಬರ್ಟ್ ಸ್ಟಕಿ ಮೊದಲ ಕೆಲವು ನಾಟಕಗಳಲ್ಲಿ ಗಂಡನಾಗಿ, ನಿಜ ಜೀವನದಲ್ಲೂ ಒಬ್ಬಳ ಗಂಡನಾಗಿ, ಕಾರಿನ ಅಂಗಡಿಯ ಮಾಲೀಕನಾಗಿ, ಕೊನೆಗೆ ಪುರಸಭೆಯ ಅಧ್ಯಕ್ಷನಾದ. ಹೊಟ್ಟೆ ಬಂತು, ನಾಟಕ ಬಿಟ್ಟುಹೋಯಿತು. ಅಧ್ಯಕ್ಷನಾದ ಮೇಲೆ ಅವನಿಗೊಂದು ಜ್ಞಾನೋದಯವಾಯಿತು. ಪೇಟೆಯ ಅಂಗಡಿಗಳಿಗೆ ವ್ಯಾಪಾರವಿಲ್ಲದಿರುವುದು ಕಾರು ನಿಲ್ಲಿಸಲು ಜಾಗವಿಲ್ಲದ್ದರಿಂದ. ಆದ್ದರಿಂದ ಕರೆಂಟು ರೈಲಿನ ಕಟ್ಟಡವನ್ನು ಕೆಡವಿ ಆ ಜಾಗಕ್ಕೆ ಡಾಂಬರು ಹಾಕಬೇಕು. ಕಾರು ಮಾರುವವನ ತಲೆಗೆ ಬೇರೆ ಇನ್ನೇನು ಹೊಳೆಯುತ್ತದೆ?

ಪುರಸಭೆಯವರು ಬಾಗಿಲಿಗೆ ನೋಟೀಸು ಬಡಿದರು. ಲಿಯೋಟಾ ಅದರ ಮೇಲೆ ಮುಂದಿನ ನಾಟಕದ ಭಿತ್ತಿಪತ್ರ ಅಂಟಿಸಿದಳು. ಅವರು ಅದರ ಮೇಲೆ ಇನ್ನೊಂದು ನೋಟೀಸು ಬಡಿದರು. ಇವಳು ಅದರ ಮೇಲೂ ಅಂಟಿಸಿದಳು. ಬಾಗಿಲು ಕಂಬಳಿಯಂತೆ ದಪ್ಪವಾಯಿತು. ಅಳತೆ ಮಾಡಲು ಬಂದವನ ಕೈಗೆ ಏಣಿ ಕೊಟ್ಟು ಹೊಸ ಬಲ್ಬು ಹಾಕಿಸಿಕೊಂಡಳು. ಪಾಪ, ಅವನು ಕಾಫಿ ಕುಡಿದು, ಅಳತೆಯನ್ನೇ ಮರೆತು ಹೋದ.

ಕೊನೆಗೆ ನಾರ್ಬರ್ಟನೇ ಅವಳ ಅಡುಗೆಮನೆಗೆ ಬಂದ. ಅವಳು ಸಕ್ಕರೆ, ಕೆನೆ ತುಂಬಿ ಬೇಯಿಸಿದ ಸಿಹಿ ಪೈ ಒಲೆಯಿಂದ ತೆಗೆಯುತ್ತಿದ್ದಳು. ಒಂದು ಚೂರು ಕೊಯ್ದು ಅವನ ಮುಂದಿಟ್ಟಳು. ಜಗಳ ಆಡಲು ಬಂದವನಿಗೂ ಕೋಲ್ಟರ್‌ನಲ್ಲಿ ಪೈ ಕೊಡಬೇಕು.

"ಲಿಯೋಟಾ, ನಿಮ್ಮ ಬಗ್ಗೆ ನಂಗೆ ಗೌರವ ಇದೆ," ಅಂದ, ಬಾಯಿ ತುಂಬ ಪೈ ಇಟ್ಟುಕೊಂಡು.

"ಗೌರವ ಅಂತ ಶುರು ಮಾಡ್ದೆ ಅಂದ್ರೆ ಏನೋ ಕಿತ್ಕೊಳ್ಳೋಕೇ ಬಂದಿದೀಯ. ಹೇಳು."

"ಬೀಗದಕೈ ಕೊಟ್ಬಿಡಿ. ಚೆನ್ನಾಗಿ ಮುಗಿಸೋಣ. ಆ ಜಾಗದಲ್ಲಿ ಒಂದು ಕಲ್ಲು ನೆಡಿಸ್ತೀನಿ. ಇಲ್ಲಿ ಕರೆಂಟು ರೈಲಿನ ಕಟ್ಟಡ ಇತ್ತು, ನಾಟಕ ಆಡ್ತಿದ್ರು ಅಂತ ಕೆತ್ತಿಸೋಣ. ನಿಮ್ಮ ಹೆಸರೂ ಹಾಕ್ಸೋಣ."

"ಕಲ್ಲು ನೆಡೋದು ಸತ್ತವರಿಗೆ ನಾರ್ಬ್. ನಾನಿನ್ನೂ ಪೈ ಮಾಡ್ತಿದೀನಿ, ನೀನು ತಿಂತಿದೀಯ."

"ಕಾಲ ಬದಲಾಗಿದೆ. ಜನಕ್ಕೆ ಕಾರು ನಿಲ್ಸೋಕೆ ಜಾಗ ಬೇಕು."

"ಇರೋದನ್ನೆಲ್ಲ ಕೆಡವಿ ಕಾರು ನಿಲ್ಸಿದ್ರೆ, ಕಾರಿಂದ ಇಳಿದು ಹೋಗೋದೆಲ್ಲಿಗೋ?"

ನಾರ್ಬರ್ಟ್ ತಟ್ಟೆ ಪಕ್ಕಕ್ಕೆ ಸರಿಸಿದ. "ನೋಡಿ, ನೀವು ಕೊಡ್ದಿದ್ರೂ ಅದು ಬೀಳತ್ತೆ. ನೀವು ಬೀಗ ತೆಗೀದಿದ್ರೆ ಇನ್ಯಾರೋ ಬಂದು ಒಡೀತಾರೆ. ಅದಕ್ಕಿಂತ ನಿಮ್ಮ ಕೈಯಾರೆ ಕೊಡೋದು ಮರ್ಯಾದೆ ಅಲ್ವಾ?"

ಲಿಯೋಟಾಳ ಮುಖ ಕೆಂಪಾಯಿತು. ನಾರ್ಬರ್ಟನಿಗೆ ಗೊತ್ತಿರಲಿಲ್ಲ, ಪಾಪ. ಅವನು ಆಡಿದ್ದು ಎಮಿಲ್‌ನ ಮಾತು. ಅವಳು ಕೊರಳ ದಾರದಲ್ಲಿ ನೇತಾಡುತ್ತಿದ್ದ ಬೀಗದಕೈಯನ್ನು ಅಂಗಿಯ ಒಳಗೆ ಇಳಿಬಿಟ್ಟುಕೊಂಡಳು.

"ಒಡೀಲಿ. ಸುತ್ತಿಗೆ ತಗೊಂಡು ಬಂದು, ಊರೆಲ್ಲ ನೋಡ್ತಿರೋ ಹಾಗೆ ನೀನೇ ಒಡಿ. ನನ್ನ ಕೈಯಿಂದ ಮಾತ್ರ ಆಗಲ್ಲ. ಪೈ ಮುಗ್ಸು, ಬಿಟ್ಟು ಹೋಗ್ಬೇಡ."

ಅವನು ಮುಗಿಸಿಯೇ ಹೋದ. ಆ ರಾತ್ರಿ ಅವಳು ಊಟ ಮಾಡಲಿಲ್ಲ. ಅವಳಿಗೆ ಹೆದರಿಕೆಯಾಗಿತ್ತು. ಪುರಸಭೆಯ ಆಸ್ತಿ, ಪುರಸಭೆ ಕೆಡವಿದರೆ ಕೇಳುವವರಿಲ್ಲ. ಮಾರನೆಯ ದಿನ ಪುರಸಭೆಯ ಸಭೆಯಲ್ಲಿ ಅದು ಮತಕ್ಕೆ ಬರಲಿತ್ತು, ಸದಸ್ಯರೆಲ್ಲ ಅಧ್ಯಕ್ಷನ ಮುಖ ನೋಡಿ ಕೈ ಎತ್ತುವವರು. "ನಾಳೆ ಸಭೇಲಿ ಏನ್ ಹೇಳ್ತೀಯ?" ಎಂದು ಕ್ಲೀಟಸ್ ಕೇಳಿದ್ದಕ್ಕೆ, "ಏನೂ ಹೇಳಲ್ಲ. ಬೇಡ್ಕೊಳ್ಳೋಕೆ ನಂಗೆ ಬರಲ್ಲ" ಅಂದಳು.

ಪುರಸಭೆಯ ಸಭೆ ನಡೆಯುವುದು ಬೆಂಕಿ ಆರಿಸುವ ಲಾರಿಯ ಗ್ಯಾರೇಜಿನ ಮೇಲಿನ ಕೋಣೆಯಲ್ಲಿ. ಎಂದೂ ಹತ್ತು ಜನಕ್ಕಿಂತ ಹೆಚ್ಚು ಬಂದದ್ದಿಲ್ಲ. ಅವತ್ತು ಮೆಟ್ಟಿಲ ಕೆಳಗೆ, ಬೀದಿಯ ತನಕ ಜನ. ಟೊಮೇಟೊ ಕಾರ್ಖಾನೆಯ ಹೆಂಗಸರು, ಅವರ ಗಂಡಂದಿರು, ಆ ಹಜಾರದಲ್ಲಿ ಮದುವೆಯಾದವರು, ನಾಟಕದಲ್ಲಿ ಮರವಾಗಿ ನಿಂತಿದ್ದವರು, ಮೂರು ಸಲ ಪೊಲೀಸಾಗಿದ್ದವರು. ಕೋಣೆಯ ನೆಲ ಕಿರ್ರ್ ಎಂದಿತು. ಬೆಂಕಿ ದಳದ ಯಜಮಾನ ಹೌಹಾರಿ, "ಇಷ್ಟು ಜನ ಇಲ್ಲಿ ನಿಂತ್ರೆ ಎಲ್ಲ ಸೇರಿ ನನ್ನ ಲಾರಿ ಮೇಲೇ ಬೀಳ್ತೀರ" ಅಂದ. ಬೇರೆ ದೊಡ್ಡ ಜಾಗವೆಂದರೆ ಶಾಲೆಯ ಆಟದ ಹಜಾರ. ಅಲ್ಲಿ ಬ್ಯಾಸ್ಕೆಟ್‌ಬಾಲ್ ಪಂದ್ಯ, ಅದನ್ನು ನಿಲ್ಲಿಸಿದರೆ ಅಧ್ಯಕ್ಷನ ಕುರ್ಚಿ ಉಳಿಯದು. ಊರಿನಲ್ಲಿ ಅಷ್ಟು ಜನ ಹಿಡಿಸುವ ಇನ್ನೊಂದೇ ಜಾಗ ಬೀದಿಯ ಆಚೆ ಇತ್ತು. ನಾರ್ಬರ್ಟ್ ಹಲ್ಲು ಕಚ್ಚಿ ಲಿಯೋಟಾಳ ಕಡೆ ನೋಡಿದ.

"ಬೀಗ ತೆಗೀತೀರಾ?"

"ತೆಗೆಯೋಕೆ ಯಾವಾಗ್ಲೂ ತಯಾರು," ಅಂದಳು ಲಿಯೋಟಾ.

ಪುರಸಭೆಯವರು ರಂಗದ ಮೇಲೆ, ಹಿಂದಿನ ವಾರದ ನಾಟಕದ ಸೋಫಾದಲ್ಲೂ ಕುರ್ಚಿಗಳಲ್ಲೂ ಕೂತರು. ಹಿಂದೆ ಬಣ್ಣ ಬಳಿದ ಕಿಟಕಿ, ಅದರಾಚೆ ಬಣ್ಣ ಬಳಿದ ಸೇಬಿನ ಮರ. ಲಿಯೋಟಾ ಸಭಿಕರ ಸಾಲಿಗೆ ಹೋಗದೆ ತನ್ನ ಮಾಮೂಲಿ ಮುಕ್ಕಾಲಿಯ ಮೇಲೆ ಕೂತಳು. ಯಾರ್ಯಾರೋ ಎದ್ದು ಮಾತಾಡಿದರು. ರೋಮಾ ಮಾತಾಡುತ್ತಾ ಅತ್ತೇಬಿಟ್ಟಳು, ಅಳು ಬಂದದ್ದಕ್ಕೆ ತನ್ನನ್ನೇ ಬೈದುಕೊಂಡಳು. ಲಿಯೋಟಾಳ ಸರದಿ ಬಂದಾಗ ಅವಳು ತಲೆ ಅಲ್ಲಾಡಿಸಿದಳು.

"ನಾನು ಮಾತಾಡೋಳಲ್ಲ, ಮಾತು ಕೊಡೋಳು. ನನ್ನ ಹೊತ್ತನ್ನೂ ಅಧ್ಯಕ್ಷರೇ ತಗೊಳ್ಲಿ."

ಜನರಲ್ಲಿ ಗುಸುಗುಸು ಎದ್ದಿತು. ಸೋತಳು ಅಂದುಕೊಂಡವರೇ ಹೆಚ್ಚು. ಬೇಕಂತಲೇ ಹೊತ್ತು ನೋಡಿ ಬಿಟ್ಟುಕೊಟ್ಟಳು ಎಂದು ಆಮೇಲೆ ಹೇಳಿದವರೂ ಇದ್ದಾರೆ. ಗೂಡ್ಸ್ ಯಾವ ಗಳಿಗೆಯಲ್ಲಿ ಬರುತ್ತದೆಂದು ಅದರ ಚಾಲಕನಿಗೇ ಗೊತ್ತಿರುವುದಿಲ್ಲ. ಆದರೂ ಈ ನೆಲದ ಸದ್ದಿನಲ್ಲೇ ಬೆಳೆದ ಲಿಯೋಟಾಳ ಅಂಗಾಲಿನ ವಿಷಯ ಹೇಳಲಾಗದು.

ನಾರ್ಬರ್ಟ್ ಎದ್ದು ನಿಂತ. ಮಾತು ಅವನ ವ್ಯಾಪಾರ. ಅಂಗಡಿಗಳ ಕಷ್ಟ ಹೇಳಿದ, ಬೆಳವಣಿಗೆ ಅಂದ, ಪಕ್ಕದ ಊರು ನೋಡಿ ಅಂದ. ದನಿ ಏರುತ್ತಾ ಹೋಯಿತು, ಬಲಗೈ ಮೇಲೆದ್ದಿತು.

"ಭಾವನೆ ಬೇರೆ, ವ್ಯವಹಾರ ಬೇರೆ. ಎದೆ ಮುಟ್ಟಿಕೊಂಡು ಹೇಳಿ. ಈ ಕಟ್ಟಡದಿಂದ ಈ ಊರಿನ ಒಬ್ಬನೇ ಒಬ್ಬನಿಗೂ ಏನೂ ಸಿಕ್ಕಿಲ್ಲ—"

ಗೂಡ್ಸ್ ಬಂತು. ಕಿಟಕಿಗಳು ಗಲಗಲ ಅಂದವು. ಇಡೀ ಹಜಾರ ಇದ್ದಲ್ಲೇ ನಿಂತಿತು. ಕಣ್ಣೊರೆಸಿಕೊಳ್ಳುತ್ತಿದ್ದ ರೋಮಾಳ ಕರವಸ್ತ್ರ ಕಣ್ಣಿನ ಮೇಲೇ ಉಳಿಯಿತು. ಕ್ಲೀಟಸ್ ಸರಪಳಿಯ ಪಕ್ಕ ಕೆನ್ನೆ ಕೆರೆಯುತ್ತಿದ್ದವನು ಹಾಗೇ ನಿಂತ. ಸೋಫಾದ ಮೇಲಿದ್ದ ಸದಸ್ಯರೂ, ಸೀನುವುದಕ್ಕೆ ಮುಖ ಎತ್ತಿದ್ದ ಒಬ್ಬನೂ ಸೇರಿ, ಬೊಂಬೆಗಳಾದರು.

ಅವರೆಲ್ಲರ ನಡುವೆ, ಬಲಗೈ ಗಾಳಿಯಲ್ಲಿ ಎತ್ತಿ, ಬಾಯಿ ಅರ್ಧ ತೆರೆದು, ಒಂದು ಕಾಲು ಮುಂದಿಟ್ಟು, ನಾರ್ಬರ್ಟ್ ಸ್ಟಕಿ ನಿಂತಿದ್ದ. ಯಾರೂ ಅವನಿಗೆ ಅಂಗೈ ತೋರಿಸಿರಲಿಲ್ಲ. ಮಾತಾಡುತ್ತಲೇ ಹೋಗಬಹುದಿತ್ತು, ಕೂರಬಹುದಿತ್ತು, ನೀರು ಕುಡಿಯಬಹುದಿತ್ತು. ಆದರೆ ಆ ಹಜಾರದಲ್ಲಿ ಹಾಗೆ ನಿಲ್ಲುವುದನ್ನು ಎಲ್ಲರಿಗಿಂತ ಮೊದಲು ಕಲಿತವನು ಅವನೇ. ಕಲಿತದ್ದನ್ನು ಬಾಯಿ ಮರೆತಿತ್ತು, ಮೈ ಮರೆತಿರಲಿಲ್ಲ. ಡಬ್ಬಿಯ ಮೇಲೆ ಡಬ್ಬಿ ಹೋಗುತ್ತಲೇ ಇತ್ತು. ಕೋಟಿನ ಕಂಕುಳು ಬಿಗಿಯಾಗಿತ್ತು, ಹಣೆಯಲ್ಲಿ ಬೆವರು. ಆದರೂ ಎತ್ತಿದ ಕೈ ಇಳಿಸಲಿಲ್ಲ. ಕಣ್ಣು ಮಾತ್ರ ಮೆಲ್ಲಗೆ, ಹಳೆಯ ಅಭ್ಯಾಸದಂತೆ, ಮುಕ್ಕಾಲಿಯ ಕಡೆ ಹೊರಳಿತು.

ಕೊನೆಯ ಡಬ್ಬಿ ದಾಟಿತು. ಸದ್ದು ಹೊಲಗಳ ಕಡೆ ಕರಗಿತು. ಆದರೂ ಯಾರೂ ಮಿಸುಕಲಿಲ್ಲ. ಬಿಟ್ಟ ಮಾತು ಇನ್ನೂ ಬಂದಿರಲಿಲ್ಲ. ಲಿಯೋಟಾ ಎಂದಿನ ತಗ್ಗಿದ, ಸ್ಪಷ್ಟವಾದ ದನಿಯಲ್ಲಿ ಎತ್ತಿಕೊಟ್ಟಳು:

"ಈ ಕಟ್ಟಡದಿಂದ ಈ ಊರಿನ ಒಬ್ಬನೇ ಒಬ್ಬನಿಗೂ ಏನೂ ಸಿಕ್ಕಿಲ್ಲ."

ನಾರ್ಬರ್ಟ್ ಅದನ್ನೇ ಮತ್ತೆ ಹೇಳಬೇಕಿತ್ತು. ಕಟ್ಟಳೆ ಅದೇ. ಬಾಯಿ ತೆರೆದ. ಮುಚ್ಚಿದ. ಎದುರಿಗೆ, ಅವನಂತೆಯೇ ಕೈಕಾಲು ಅಲುಗಿಸದೆ ಕಾಯುತ್ತಿದ್ದ ಊರಿನ ಮುಖಗಳನ್ನು ನೋಡಿದ. ಮತ್ತೆ ಬಾಯಿ ತೆರೆದ.

"ಮಾತು ಮರೆತೋಯ್ತು, ಲಿಯೋಟಾ," ಅಂದ.

"ಮರೆತಿದ್ದೇ ಒಳ್ಳೇದಾಯ್ತು. ಕೂತ್ಕೋ ನಾರ್ಬ್."

ಅವನು ಕೂತ. ಆಗ ಬಿದ್ದ ನಗುವಿನಲ್ಲಿ, ಸೀನಲು ಕಾದಿದ್ದ ಸದಸ್ಯನ ಸೀನೂ ಸೇರಿಹೋಯಿತು. ನಗು ನಿಂತಮೇಲೆ ಗುಮಾಸ್ತ ಗಂಟಲು ಸರಿಮಾಡಿಕೊಂಡು, ಕಟ್ಟಡ ಕೆಡವಬೇಕು ಅನ್ನುವ ಸದಸ್ಯರು ಕೈ ಎತ್ತಿ ಎಂದ. ಸದಸ್ಯರು ಎಂದಿನಂತೆ ಅಧ್ಯಕ್ಷನ ಕಡೆ ನೋಡಿದರು. ಅಷ್ಟು ಹೊತ್ತು ಗಾಳಿಯಲ್ಲಿದ್ದ ನಾರ್ಬರ್ಟನ ಬಲಗೈ ಈಗ ಕೋಟಿನ ಜೇಬಿನಲ್ಲಿತ್ತು. ಅವನು ಅದನ್ನು ಹೊರಗೆ ತೆಗೆಯಲಿಲ್ಲ.

ಜನ ಚದುರಿದ ಮೇಲೆ ಬಾಗಿಲಲ್ಲಿ ಅವನು ಲಿಯೋಟಾಳಿಗಾಗಿ ಕಾದಿದ್ದ. "ನೀವು ಬೇಕಂತ್ಲೇ ಮಾಡಿದ್ರಿ," ಅಂದ.

"ರೈಲಿಗೆ ನಾನು ಹೇಳಿ ಕಳ್ಸಿದ್ನಾ?"

"ಎಲ್ಲರ ಮುಂದೆ ಮಾನ ಕಳೆದ್ರಿ."

"ಕಳೀಲಿಲ್ಲ ಕಣೋ. ಇಷ್ಟು ವರ್ಷದಲ್ಲಿ ನೀನು ಇಷ್ಟು ಚೆನ್ನಾಗಿ ನಿಂತಿದ್ದು ಇದೇ ಮೊದಲು. ಮೊದಲ ಸಲ ಬಟ್ಟಲು ಅಲ್ಲಾಡಿಸಿ ಕಾಫಿ ಚೆಲ್ಲಿದ್ದೆ."

ಅವನಿಗೆ ನಗು ಬಂತು. ಅದನ್ನು ತೋರಿಸದೆ ಟೊಪ್ಪಿ ಹಾಕಿಕೊಂಡು ಬೀದಿಗಿಳಿದ. ಬೀದಿಯುದ್ದಕ್ಕೂ ಜನರ ಕಾರುಗಳು ನಿಂತಿದ್ದವು, ಎರಡೂ ಕಡೆ, ಎಲ್ಲಕ್ಕೂ ಜಾಗ ಸಿಕ್ಕಿತ್ತು. ಲಿಯೋಟಾ ಕೊರಳಿನ ದಾರದಿಂದ ಬೀಗದಕೈ ಎಳೆದು ಹಿಡಿದುಕೊಂಡು, ಒಳಗೆ ತಿರುಗಿ ಕೂಗಿದಳು.

"ರೋಮಾ, ದೀಪ!"

"ಇವತ್ತೂ ನಾನೇನಾ?" ರೋಮಾಳ ದನಿ ಒಳಗಿನಿಂದ ಬಂತು. "ಇವತ್ತಾದ್ರೂ ಒಂದಿನ ನೀನೇ ಆರಿಸೇ!"

"ಇವತ್ತಂತೂ ಖಂಡಿತ ಇಲ್ಲ," ಅಂದಳು ಲಿಯೋಟಾ.